ಶಾರ್ಲ್ ಅಜ್ನಾವೂರ್: ಪದೇ ಪದೇ ಕೇಳುವ ಪ್ರಶ್ನೆಗಳು

ಫ್ರೆಂಚ್ ನಿರ್ದೇಶಕ ತ್ರುಫೋ ಅವರ ಸಿನಿಮಾ ನೋಡಿ ಬಂದವರು ‘ಆ ಪಿಯಾನೋ ಮುಂದೆ ಕೂತ ಕುಳ್ಳ ಮನುಷ್ಯ ಯಾರು?’ ಎಂದು ಕೇಳುತ್ತಾರೆ. ಹಾಡು ಕೇಳಿ ಬಂದವರು ‘ಇವರು ಸಿನಿಮಾದಲ್ಲೂ ಇದ್ದರೇ?’ ಎಂದು ಹುಬ್ಬೇರಿಸುತ್ತಾರೆ. ಇಬ್ಬರು ಕೇಳುವುದೂ ಒಬ್ಬರನ್ನೇ: ಫ್ರಾನ್ಸಿನ ಗಾಯಕ, ಗೀತಕಾರ, ನಟ ಶಾರ್ಲ್ ಅಜ್ನಾವೂರ್. ಇಬ್ಬರಿಗೂ ಬೇರೆ ಬೇರೆಯಾಗಿ ಉತ್ತರ ಹೇಳಿ ಸಾಕಾಗಿದೆ. ಆದ್ದರಿಂದ ಎಲ್ಲವನ್ನೂ ಒಂದೇ ಕಡೆ ಬರೆದಿಟ್ಟಿದ್ದೇನೆ.

ಹೆಸರನ್ನು ಕನ್ನಡದಲ್ಲಿ ಹೇಗೆ ಬರೆಯಬೇಕು? ಚಾರ್ಲ್ಸ್ ಎಂದರೆ ತಪ್ಪೇ?

ಚಾರ್ಲ್ಸ್ ಎನ್ನುವುದು ಇಂಗ್ಲಿಷರ ಉಚ್ಚಾರ. ಫ್ರೆಂಚರ ಬಾಯಲ್ಲಿ ಅದು ಶಾರ್ಲ್. ಕೊನೆಯ ‘ಸ್’ ಬರಹದಲ್ಲಿದೆ, ನಾಲಿಗೆಯಲ್ಲಿಲ್ಲ. ಅಜ್ನಾವೂರ್ ಎಂಬಲ್ಲಿ ಇರುವ ‘ಜ’ ನಮ್ಮ ‘ಜಲ’ದ ಜ ಅಲ್ಲ, ‘ಮೇಜು’ ಎನ್ನುವಾಗ ಉರ್ದು ಬಲ್ಲವರು ನುಡಿಯುವ ಜ. ಕೆಲವರು ಅಝ್ನಾವೂರ್ ಎಂದೂ ಬರೆಯುತ್ತಾರೆ. ಯಾವುದು ಬರೆದರೂ ಜಗಳವಿಲ್ಲ.

ಹುಟ್ಟುಹೆಸರು ಶಾನೂರ್ ವಾಘಿನಾಗ್ ಅಜ್ನಾವೂರಿಯನ್. ಆಸ್ಪತ್ರೆಯ ದಾದಿಗೆ ಶಾನೂರ್ ಎನ್ನುವುದು ನಾಲಿಗೆಗೆ ಹೊರಳದೆ ಶಾರ್ಲ್ ಆಯಿತು ಎಂಬ ಕಥೆ ಪ್ರಚಾರದಲ್ಲಿದೆ. ಮನೆತನದ ಹೆಸರಿನ ಬಾಲದಲ್ಲಿರುವ ‘ಇಯನ್’ ಅರ್ಮೇನಿಯನ್ನರ ಗುರುತು. ಇಂಥವರ ಕುಲದವರು ಎಂದು ಅರ್ಥ. ರಂಗಕ್ಕೆ ಬಂದಾಗ ಆ ಬಾಲವನ್ನು ಕತ್ತರಿಸಿದರು.

ಇವರು ಫ್ರೆಂಚರೋ ಅರ್ಮೇನಿಯನ್ನರೋ?

ಎರಡೂ. ಹುಟ್ಟಿದ್ದು ಪ್ಯಾರಿಸ್‌ನಲ್ಲಿ, 1924ರ ಮೇ 22ರಂದು. ತಂದೆ ಮಿಶಾ, ಈಗಿನ ಜಾರ್ಜಿಯಾದ ಅಖಾಲ್ತ್ಸಿಖೆಯವರು. ತಾಯಿ ಕ್ನಾರ್, ತುರ್ಕಿಯ ನೆಲದಿಂದ ಬಂದವರು. 1915ರಿಂದ ಒಟ್ಟೊಮನ್ ತುರ್ಕಿಯಲ್ಲಿ ನಡೆದ ಅರ್ಮೇನಿಯನ್ನರ ನರಮೇಧದ ನಂತರ ದಿಕ್ಕಾಪಾಲಾದ ಲಕ್ಷಾಂತರ ಜನರಲ್ಲಿ ಈ ದಂಪತಿಯೂ ಸೇರಿದ್ದರು. ಅಮೆರಿಕಕ್ಕೆ ಹೋಗಲು ವೀಸಾ ಕಾಯುತ್ತ ಪ್ಯಾರಿಸ್‌ನಲ್ಲಿ ಇಳಿದರು, ಅಲ್ಲಿಯೇ ಉಳಿದರು. ಮಿಶಾ ಹಾಡುಗಾರರು, ಜೊತೆಗೆ ಲ್ಯಾಟಿನ್ ಕ್ವಾರ್ಟರ್‌ನ ರ‍್ಯು ದ ಲಾ ಯುಶೆತ್ ಬೀದಿಯಲ್ಲಿ ‘ಲ್ ಕೋಕಾಸ್’ ಎಂಬ ಊಟದ ಮನೆ ನಡೆಸುತ್ತಿದ್ದರು. ಜೇಬಿನಲ್ಲಿ ಕಾಸಿಲ್ಲದ ವಲಸಿಗರಿಗೆ ಉಣಬಡಿಸುತ್ತ, ಸಂಗೀತ ನುಡಿಸುವವರನ್ನು ಕರೆತರುತ್ತ ನಡೆಸಿದ ಹೋಟೆಲು ಲಾಭ ಮಾಡುವುದು ಎಲ್ಲಿಂದ ಬಂತು? ಮುಚ್ಚಿತು. ಎರಡನೆಯ ಮಹಾಯುದ್ಧದಲ್ಲಿ ಜರ್ಮನರು ಪ್ಯಾರಿಸ್ ಹಿಡಿದಿದ್ದಾಗ ಇದೇ ಕುಟುಂಬ ಯಹೂದಿಗಳನ್ನೂ ಪ್ರತಿರೋಧ ಚಳವಳಿಯವರನ್ನೂ ತಮ್ಮ ಪುಟ್ಟ ಮನೆಯಲ್ಲಿ ಬಚ್ಚಿಟ್ಟಿತ್ತು. ಹೋರಾಟಗಾರ ಕವಿ ಮಿಸಾಕ್ ಮನೂಶಿಯನ್ ಅವರೂ ಈ ಮನೆಯ ಬಳಕೆಯವರು.

ಮೊದಲು ನಟರಾದರೋ, ಸಂಗೀತಗಾರರಾದರೋ?

ನಟ. ಇದನ್ನು ಒತ್ತಿ ಹೇಳಬೇಕಾಗಿದೆ, ಏಕೆಂದರೆ ‘ಹಾಡುಗಾರ ಹೆಸರು ಮಾಡಿದ ಮೇಲೆ ಸಿನಿಮಾದವರು ಕರೆದರು’ ಎಂದೇ ಎಲ್ಲರೂ ತಿಳಿದಿದ್ದಾರೆ. ಒಂಬತ್ತರ ವಯಸ್ಸಿನಲ್ಲಿ, 1933ರಲ್ಲಿ, ಮಕ್ಕಳಿಗೆ ರಂಗಕಲೆ ಕಲಿಸುವ ಶಾಲೆ ಸೇರಿದರು. ಅದೇ ಹೊತ್ತಿಗೆ ಪ್ಯಾರಿಸ್‌ನ ರಂಗಭೂಮಿಯಲ್ಲಿ ಮಕ್ಕಳ ಪಾತ್ರಗಳು ಸಿಗತೊಡಗಿದವು. 1936ರಲ್ಲಿ ‘ಲಾ ಗೆರ್ ದೆ ಗೋಸ್’, ಅಂದರೆ ಹುಡುಗರ ಯುದ್ಧ ಎಂಬ ಚಿತ್ರದ ಮಕ್ಕಳ ಗುಂಪಿನಲ್ಲಿ ಕಾಣಿಸಿಕೊಂಡರು. ಹಾಡು ಬರೆಯತೊಡಗಿದ್ದು ಆಮೇಲೆ, ಯುದ್ಧದ ವರ್ಷಗಳಲ್ಲಿ, ಪಿಯಾನೋ ವಾದಕ ಪಿಯೆರ್ ರೋಶ್ ಅವರ ಜೊತೆಗೂಡಿ. ರೋಶ್ ಸ್ವರ ಹಾಕುತ್ತಿದ್ದರು, ಅಜ್ನಾವೂರ್ ಮಾತು ಕಟ್ಟುತ್ತಿದ್ದರು. ಇಬ್ಬರೂ ಜೋಡಿಯಾಗಿ ಹಾಡುತ್ತಿದ್ದರು.

ಈ ಅನುಕ್ರಮವನ್ನು ನೆನಪಿನಲ್ಲಿಟ್ಟುಕೊಂಡರೆ ಮುಂದಿನದು ಅರ್ಥವಾಗುತ್ತದೆ. ಅವರ ಹಾಡುಗಳಲ್ಲಿ ‘ನಾನು’ ಎಂದು ಮಾತಾಡುವವನು ಸಾಮಾನ್ಯವಾಗಿ ಅಜ್ನಾವೂರ್ ಅಲ್ಲ, ಅವರು ಕಟ್ಟಿದ ಪಾತ್ರ.

ಎಡಿತ್ ಪಿಯಾಫ್ ಅವರಿಗೂ ಇವರಿಗೂ ಏನು ನಂಟು?

ಪಿಯಾಫ್ ಫ್ರಾನ್ಸಿನ ಹೆಸರಾಂತ ಗಾಯಕಿ. ನಂಟು ಜನ ಕಲ್ಪಿಸಿಕೊಳ್ಳುವಂಥದ್ದಲ್ಲ. 1946ರ ಹೊತ್ತಿಗೆ ರೋಶ್-ಅಜ್ನಾವೂರ್ ಜೋಡಿಯನ್ನು ಕೇಳಿ ಮೆಚ್ಚಿದ ಪಿಯಾಫ್ ತಮ್ಮ ಪ್ರವಾಸಕ್ಕೆ ಸೇರಿಸಿಕೊಂಡರು. ಬಳಿಕ ಜೋಡಿ ಕೆನಡಾದ ಮಾಂಟ್ರಿಯಲ್‌ನಲ್ಲಿ ಒಂದಷ್ಟು ಕಾಲ ಹಾಡಿತು. ರೋಶ್ ಅಲ್ಲೇ ನೆಲೆಸಿದರು, ಅಜ್ನಾವೂರ್ ಒಬ್ಬರೇ ಹಿಂತಿರುಗಿದರು. ಆಮೇಲೆ ಕೆಲವು ವರ್ಷ ಪಿಯಾಫ್ ಅವರ ಮನೆಯಲ್ಲಿಯೇ ಇದ್ದು ಕಾರು ಓಡಿಸಿದರು, ಕಾರ್ಯಕ್ರಮಗಳಿಗೆ ದೀಪ ಹೊಂದಿಸಿದರು, ಚಾಕರಿಯ ನಡುವೆ ಹಾಡು ಬರೆದುಕೊಟ್ಟರು. ‘ಪ್ಲು ಬ್ಲ್ಯೂ ಕ ತೆಝ್ಯೂ’ (ನಿನ್ನ ಕಣ್ಣಿಗಿಂತ ನೀಲಿ) ಅವುಗಳಲ್ಲಿ ಒಂದು; ಮಾತೂ ಸ್ವರವೂ ಇವರದೇ. ಪಿಯಾಫ್ ತೀರಿಕೊಂಡು ಮೂವತ್ತಕ್ಕೂ ಹೆಚ್ಚು ವರ್ಷ ಕಳೆದ ಮೇಲೆ, 1997ರಲ್ಲಿ, ಅವರ ಹಳೆಯ ಧ್ವನಿಗೆ ತಮ್ಮ ಧ್ವನಿ ಬೆಸೆದು ಅದನ್ನೇ ಯುಗಳ ಗೀತೆಯಾಗಿ ಹೊರತಂದರು.

ಪಿಯಾಫ್ ಬೇಡವೆಂದ ಹಾಡುಗಳೂ ಇದ್ದವು. ‘ಝ್ ಎ ಲೆ ದಿಮಾಂಶ್’ (ಭಾನುವಾರಗಳೆಂದರೆ ನನಗಾಗದು) ಅಂಥದ್ದು. ಮಾತು ಅಜ್ನಾವೂರ್ ಅವರದು, ಸ್ವರ ಫ್ಲೊರಾಂಸ್ ವೆರಾಂ ಅವರದು. ಅದನ್ನು ಗಾಯಕಿ ಝುಲಿಯೆತ್ ಗ್ರೆಕೋ 1951ರಲ್ಲಿ ಹಾಡಿ ಬಹುಮಾನ ಗೆದ್ದರು. ಅಜ್ನಾವೂರ್ ಅವರಿಗೆ ಮೂಗಿನ ಶಸ್ತ್ರಚಿಕಿತ್ಸೆ ಮಾಡಿಸಿಕೊಳ್ಳುವಂತೆ ಹೇಳಿದವರೂ ಪಿಯಾಫ್ ಅವರೇ. ಮಾಡಿಸಿಕೊಂಡು ಬಂದ ಮೇಲೆ ‘ಮೊದಲಿನದೇ ಚೆನ್ನಾಗಿತ್ತು’ ಎಂದರಂತೆ.

ಹಾಗಾದರೆ ಯಾವ ಹಾಡಿನ ಸಂಗೀತ ಇವರದು, ಯಾವುದು ಅಲ್ಲ?

ಅತಿ ಹೆಚ್ಚು ತಪ್ಪು ಉತ್ತರ ಓಡಾಡುವ ಪ್ರಶ್ನೆ ಇದು. ಹಾಡಿದವರದೇ ಎಲ್ಲವೂ ಎಂದು ಭಾವಿಸಿ ಬರೆಯುವವರು ಕೆಲವರು. ‘ಅವರು ಬರೀ ಸಾಹಿತ್ಯ ಬರೆದವರು, ಸ್ವರ ಬೇರೆಯವರದು’ ಎನ್ನುವವರು ಇನ್ನು ಕೆಲವರು. ಎರಡೂ ಅರ್ಧ ಸತ್ಯ.

ಫ್ರೆಂಚರಲ್ಲಿ ‘ಒತರ್-ಕೊಂಪೊಸಿತರ್-ಆಂತೆರ್ಪ್ರೆತ್’ ಎಂಬ ಮಾತಿದೆ. ಪದ, ಸ್ವರ, ಗಾಯನ ಮೂರೂ ಒಬ್ಬರದೇ ಆದಾಗ ಹಾಗೆನ್ನುತ್ತಾರೆ. ನಮ್ಮ ವಾಗ್ಗೇಯಕಾರ ಎಂಬ ಪದ ಅದಕ್ಕೆ ಹತ್ತಿರ, ಹೋಲಿಕೆಯನ್ನು ಅಲ್ಲಿಗೇ ನಿಲ್ಲಿಸಿದರೆ. ಅಜ್ನಾವೂರ್ ಈ ಮೂರೂ ಹೌದು. ಆದರೆ ಎಲ್ಲ ಹಾಡಿನಲ್ಲೂ ಒಟ್ಟಿಗೆ ಅಲ್ಲ.

ಅವರ ಗುರುತಾಗಿಬಿಟ್ಟಿರುವ ‘ಲಾ ಬೊಎಮ್’ (ಬಡ ಕಲಾವಿದರ ಅಲೆಮಾರಿ ಬದುಕು) ತೆಗೆದುಕೊಳ್ಳಿ. ಅದರ ಮಾತುಗಳು ಜಾಕ್ ಪ್ಲಾಂತ್ ಅವರದು. ಅಜ್ನಾವೂರ್ ಅವರದು ಸ್ವರ. ಸಾಯುತ್ತಿರುವ ತಾಯಿಯ ಸುತ್ತ ಮಕ್ಕಳು ಸೇರುವ ‘ಲಾ ಮಾಮಾ’ (1963) ಹಾಡಿನ ಮಾತು ರೊಬೆರ್ ಗಾಲ್ ಅವರದು, ಸ್ವರ ಮತ್ತೆ ಅಜ್ನಾವೂರ್ ಅವರದು. ‘ಕ ಸೆ ತ್ರಿಸ್ತ್ ವೆನೀಸ್’ (ವೆನಿಸ್ ಎಷ್ಟು ಮ್ಲಾನ) ಹಾಡಿನ ಮಾತು ಫ್ರಾಂಸ್ವಾಝ್ ದೊರಾಂ ಅವರದು, ಸ್ವರ ಇವರದು. ನೋಡಿ, ಜಗತ್ತು ಅವರನ್ನು ಕವಿ ಎಂದು ಕೊಂಡಾಡುವಾಗ ಎತ್ತಿ ತೋರಿಸುವ ಮೂರು ಹಾಡುಗಳಲ್ಲಿ ಅವರು ಕವಿಯೇ ಅಲ್ಲ, ಸಂಗೀತ ಸಂಯೋಜಕ!

ಇನ್ನೊಂದು ಕಡೆ, ಜಾರ್ಜ್ ಗಾರ್ವಾರೆಂಟ್ಸ್ ಇದ್ದಾರೆ. ತಂಗಿಯಲ್ಲ, ಅಕ್ಕ ಆಯ್ದಾ ಅವರ ಗಂಡ, ಭಾವ. ಸಿನಿಮಾ ಸಂಗೀತದಲ್ಲಿ ಪಳಗಿದ ಕೈ. ಅವರು ಸ್ವರ ಹಾಕಿದಾಗ ಅಜ್ನಾವೂರ್ ಮಾತಿಗೆ ಕೂರುತ್ತಿದ್ದರು. ಮೂರನೆಯ ಬಗೆ, ಎರಡೂ ಇವರದೇ ಆದ ಹಾಡುಗಳು: ‘ಎಮ್ಮೆನೆ ಮ್ವಾ’ (ನನ್ನನ್ನು ಕರೆದೊಯ್ಯಿರಿ, 1967), ‘ಕೊಮ್ ಇಲ್ ದಿಝ್’ (ಅವರು ಅನ್ನುವಂತೆ, 1972). ಇನ್ನು ಅರವತ್ತರ ದಶಕದ ಧ್ವನಿಮುದ್ರಣಗಳಲ್ಲಿ ಪಿಟೀಲುಗಳ ತೆರೆ ಏಳುವುದು ಕೇಳಿ ಬೆರಗಾದವರು ಪೋಲ್ ಮೋರಿಯಾ ಅವರಿಗೂ ಒಂದು ನಮಸ್ಕಾರ ಹಾಕಬೇಕು. ಅನೇಕ ಹಾಡುಗಳ ವಾದ್ಯ ಸಂಯೋಜನೆ ಅವರದು.

ಗಾನತಟ್ಟೆಯ ಹಿಂಬದಿಯ ಸಣ್ಣ ಅಕ್ಷರ ಓದುವ ಅಭ್ಯಾಸ ಇಟ್ಟುಕೊಂಡರೆ ಇಂಥ ಗೊಂದಲ ಅರ್ಧ ಇಳಿಯುತ್ತದೆ.

‘ಲಾ ಬೊಎಮ್’ ನಾಟಕದ ಹಾಡಂತೆ, ಹೌದೇ?

ಹೌದು. 1965ರ ಡಿಸೆಂಬರ್‌ನಲ್ಲಿ ಪ್ಯಾರಿಸ್‌ನ ಶಾತ್ಲೆ ರಂಗಮಂದಿರದಲ್ಲಿ ‘ಮೊಸಿಯ್ಯೋ ಕಾರ್ನವಾಲ್’ ಎಂಬ ಸಂಗೀತ ನಾಟಕ ಶುರುವಾಯಿತು. ಕಥೆ ಫ್ರೆದೆರಿಕ್ ದಾರ್, ಹಾಡಿನ ಮಾತು ಪ್ಲಾಂತ್, ಸಂಗೀತ ಅಜ್ನಾವೂರ್. ವೇದಿಕೆಯ ಮೇಲೆ ಅದನ್ನು ಹಾಡಿದವರು ಝಾರ್ಜ್ ಗೆತಾರಿ. ಆದರೆ ಲೋಕದ ಕಿವಿಯಲ್ಲಿ ಉಳಿದದ್ದು ಸಂಯೋಜಕರ ಸ್ವಂತ ಧ್ವನಿ.

ಅದನ್ನು ಅವರು ಹಾಡುವ ಯಾವುದಾದರೂ ವಿಡಿಯೊ ನೋಡಿ. ಮೂರು ಮಾತ್ರೆಯ ವಾಲ್ಟ್ಸ್ ಲಯ. ಹಾಡುವವನು ಮುದಿ ಚಿತ್ರಕಾರ. ಹಸಿದುಕೊಂಡು ಚಿತ್ರ ಬರೆದ, ಪ್ಯಾರಿಸ್ಸಿನ ಕಲಾವಿದರ ಬಡಾವಣೆ ಮೋಂಮಾರ್ತ್ರ್‌ನ ದಿನಗಳನ್ನು ನೆನೆಯುತ್ತಾನೆ. ಅಜ್ನಾವೂರ್ ಕೈಯಲ್ಲಿ ಒಂದು ಬಿಳಿ ಕರವಸ್ತ್ರ ಇರುತ್ತದೆ. ಅದರಿಂದ ಕೈಗೆ ಹತ್ತಿದ ಬಣ್ಣ ಒರೆಸಿಕೊಳ್ಳುವಂತೆ ಮಾಡುತ್ತಾರೆ. ಬಣ್ಣವಿಲ್ಲ, ಕುಂಚವಿಲ್ಲ, ಚೌಕಟ್ಟಿಲ್ಲ. ಬೆರಳುಗಳ ನಡುವೆ ಬಟ್ಟೆ ಹೊರಳುವುದೊಂದೇ. ಕೊನೆಯಲ್ಲಿ ಕೈ ಸಡಿಲಿಸಿ ಅದನ್ನು ನೆಲಕ್ಕೆ ಬಿಡುತ್ತಾರೆ. ಮುಂದಿನ ಸಾಲಿನ ಜನ ಅದಕ್ಕಾಗಿ ನೂಕಾಡುತ್ತಿದ್ದರು. ನೂಕಾಟ ಬದಿಗಿರಲಿ. ಬಟ್ಟೆ ನೆಲ ಮುಟ್ಟಿದ ಕ್ಷಣ ಆ ಮನುಷ್ಯನ ಯೌವನ ಮುಗಿಯಿತು ಎಂದು ನಮಗೆ ಗೊತ್ತಾಗುತ್ತದಲ್ಲ, ಅದು ನಟನ ಕೆಲಸ. ಸ್ವರದಿಂದ ಅಷ್ಟು ಬರುವುದಿಲ್ಲ.

ತ್ರುಫೋ ಅವರ ‘ತಿರೆ ಸ್ಯುರ್ ಲ್ ಪಿಯಾನಿಸ್ತ್’ ಬಗ್ಗೆ ಇಷ್ಟೊಂದು ಮಾತೇಕೆ?

‘ಪಿಯಾನೋ ನುಡಿಸುವವನಿಗೆ ಗುಂಡಿಕ್ಕಿ’ ಎಂದು ಅರ್ಥ. 1960ರ ನವೆಂಬರ್ 25ರಂದು ತೆರೆಗೆ ಬಂತು. ಫ್ರಾಂಸ್ವಾ ತ್ರುಫೋ ಅವರ ಎರಡನೆಯ ಪೂರ್ಣ ಪ್ರಮಾಣದ ಚಿತ್ರ. ಮೂಲ, ಅಮೆರಿಕದ ಡೇವಿಡ್ ಗೂಡಿಸ್ ಅವರ ಅಪರಾಧ ಕಾದಂಬರಿ. ಹಿಂದಿನ ವರ್ಷ ಝಾರ್ಜ್ ಫ್ರಾಂಜು ಅವರ ‘ಲಾ ತೆತ್ ಕೋಂತ್ರ್ ಲೆ ಮ್ಯುರ್’ ಚಿತ್ರದಲ್ಲಿ ಅಜ್ನಾವೂರ್ ಹುಚ್ಚಾಸ್ಪತ್ರೆಯೊಳಗಿನ ಮೂರ್ಛೆರೋಗಿಯಾಗಿ ನಟಿಸಿದ್ದರು. ಅದನ್ನು ನೋಡಿಯೇ ತ್ರುಫೋ ಅವರಿಗೆ ಇವರ ಮೇಲೆ ಕಣ್ಣು ಬಿದ್ದದ್ದು.

ಕಥೆ ಹೀಗೆ. ಶಾರ್ಲಿ ಕೊಲೆರ್ ಎಂಬವನು ಅಗ್ಗದ ಬಾರೊಂದರಲ್ಲಿ ಕುಣಿಯುವವರಿಗೆ ಪಿಯಾನೋ ಬಡಿಯುತ್ತಾನೆ. ಅವನ ನಿಜವಾದ ಹೆಸರು ಎದ್ವಾರ್ ಸರೋಯಾನ್. ಒಂದು ಕಾಲಕ್ಕೆ ದೊಡ್ಡ ದೊಡ್ಡ ಸಭಾಂಗಣಗಳನ್ನು ತುಂಬಿಸಿದ ವಾದಕ. ಆ ಹೆಸರಿಗಾಗಿ ಹೆಂಡತಿ ತೆತ್ತ ಬೆಲೆ ಏನೆಂದು ಗೊತ್ತಾದ ದಿನ ಅವಳನ್ನು ಕಳೆದುಕೊಂಡಿದ್ದಾನೆ. ಈಗ ಯಾರ ಕಣ್ಣಿಗೂ ಬೀಳದೆ ಇದ್ದರೆ ಸಾಕು ಅವನಿಗೆ. ಆದರೆ ಅಣ್ಣತಮ್ಮಂದಿರು ಪುಂಡರನ್ನು ಬೆನ್ನಿಗೆ ಕಟ್ಟಿಕೊಂಡು ಬರುತ್ತಾರೆ.

ಎರಡು ದೃಶ್ಯ ಹೇಳುತ್ತೇನೆ. ಮೊದಲನೆಯದು: ಸಂಗೀತ ಕಚೇರಿ ಏರ್ಪಡಿಸುವ ದೊಡ್ಡ ಮನುಷ್ಯನ ಬಾಗಿಲ ಮುಂದೆ ಎದ್ವಾರ್ ನಿಂತಿದ್ದಾನೆ. ಕರೆಗಂಟೆ ಒತ್ತಬೇಕು. ಬೆರಳು ಮುಂದೆ ಹೋಗುತ್ತದೆ. ಕ್ಯಾಮೆರಾ ಆ ಬೆರಳಿಗೆ ಅಂಟಿಕೊಳ್ಳುತ್ತದೆ, ಇನ್ನೂ ಹತ್ತಿರ ಹೋಗುತ್ತದೆ, ಮತ್ತೂ ಹತ್ತಿರ. ಬೆರಳಿಗೂ ಗುಂಡಿಗೂ ನಡುವೆ ಒಂದು ಕೂದಲೆಳೆ ಜಾಗ ಉಳಿದಿದೆ, ಅದು ತುಂಬುವುದಿಲ್ಲ. ಅಷ್ಟರಲ್ಲಿ ಬಾಗಿಲು ತೆರೆದು, ಪಿಟೀಲು ಪೆಟ್ಟಿಗೆ ಹಿಡಿದ ಹುಡುಗಿಯೊಬ್ಬಳು ಹೊರಗೆ ಬರುತ್ತಾಳೆ. ನಾವು ಇವನ ಜೊತೆ ಒಳಗೆ ಹೋಗುವ ಬದಲು ಅವಳ ಜೊತೆ ಓಣಿಯುದ್ದಕ್ಕೂ ನಡೆಯುತ್ತೇವೆ. ಒಳಗಿಂದ ಪಿಯಾನೋ ಕೇಳಿಸುತ್ತದೆ. ಒಬ್ಬನ ಭಾಗ್ಯ ತೆರೆಯುವ ಹೊತ್ತಿಗೆ ತ್ರುಫೋ ನಮ್ಮನ್ನು ಇನ್ನೊಬ್ಬಳ ಹಿಂದೆ ಕಳಿಸುತ್ತಾರೆ. ಎಷ್ಟು ಸಲ ನೋಡಿದರೂ ನನಗೆ ಇದು ಸಾಕಾಗುವುದಿಲ್ಲ.

ಎರಡನೆಯದು: ರಾತ್ರಿ, ಬಾರು ಮುಗಿಸಿ ಶಾರ್ಲಿ ಲೆನಾ ಎಂಬ ಹುಡುಗಿಯ ಪಕ್ಕ ನಡೆದು ಹೋಗುತ್ತಿದ್ದಾನೆ. ಅವಳ ಕೈ ಹಿಡಿಯಬೇಕು. ಅವನ ಮನಸ್ಸಿನ ಮಾತು ನಮಗೆ ಕೇಳಿಸುತ್ತಿದೆ. ಕೈ ಹೋಗುತ್ತದೆ, ಹಿಂದೆ ಬರುತ್ತದೆ. ಏನಾದರೂ ಹೇಳಬೇಕೆಂದು ಮಾತು ಹೊಂದಿಸುತ್ತಾನೆ, ಕೊನೆಗೆ ಧೈರ್ಯ ಮಾಡಿ ತಿರುಗುತ್ತಾನೆ. ಪಕ್ಕದಲ್ಲಿ ಅವಳಿಲ್ಲ. ಅಜ್ನಾವೂರ್ ಮುಖದಲ್ಲಿ ಇಷ್ಟರಲ್ಲಿ ಏನೂ ಆಗುವುದಿಲ್ಲ. ಕಣ್ಣು ಮಾತ್ರ ಸ್ವಲ್ಪ ತಗ್ಗುತ್ತದೆ. ಬೇರೆ ನಟರು ಇದನ್ನು ಹಾಸ್ಯ ಮಾಡಿಬಿಡುತ್ತಿದ್ದರು, ಇಲ್ಲವೇ ಅಳಿಸಿಬಿಡುತ್ತಿದ್ದರು.

ಈ ಚಿತ್ರ ಆ ಕಾಲಕ್ಕೆ ಓಡಲಿಲ್ಲ. ನಗುವ ಸಿನಿಮಾವೋ ಅಳುವ ಸಿನಿಮಾವೋ ಪ್ರೇಕ್ಷಕರಿಗೆ ತಿಳಿಯಲಿಲ್ಲ. ಪುಂಡನೊಬ್ಬ ‘ಸುಳ್ಳಾದರೆ ನನ್ನ ತಾಯಿ ಸಾಯಲಿ’ ಎಂದ ಕೂಡಲೇ ಎಲ್ಲೋ ಒಂದು ಮನೆಯಲ್ಲಿ ಒಬ್ಬ ಮುದುಕಿ ದೊಪ್ಪನೆ ಬೀಳುತ್ತಾಳೆ. ಅದೇ ಚಿತ್ರದ ಕೊನೆಯಲ್ಲಿ ಹಿಮದ ಮೇಲೆ ಒಂದು ಸಾವು ಇದೆ, ನಗಲು ಬಾಯೇ ಬರುವುದಿಲ್ಲ.

ಆ ಚಿತ್ರದ ಪಿಯಾನೋ ಸಂಗೀತ ಇವರದೇ?

ಅಲ್ಲ. ಝಾರ್ಜ್ ದೆಲೆರು ಅವರದು. ಸಂಗೀತ ಸಂಯೋಜಕನೊಬ್ಬ ಸಂಗೀತಗಾರನ ಪಾತ್ರ ಮಾಡಿದ ಚಿತ್ರದಲ್ಲಿ ಸಂಗೀತ ಬೇರೆಯವರದು.

ಅವರು ಸಿನಿಮಾಕ್ಕೆ ಸಂಗೀತ ಕೊಡಲೇ ಇಲ್ಲವೇ?

ಹಿನ್ನೆಲೆ ಸಂಗೀತದ ಸಂಯೋಜಕ ಎಂದು ಅವರನ್ನು ಕರೆಯಲಾಗದು; ಅದು ಅಕ್ಕನ ಗಂಡ ಗಾರ್ವಾರೆಂಟ್ಸ್ ಅವರ ಕ್ಷೇತ್ರ. ಅವರ ಪಾಲು ಹಾಡು. ‘ಲೆ ಪಾರಿಸಿಯೆನ್’ (1962) ಚಿತ್ರದಲ್ಲಿ ಜಾನಿ ಹಾಲಿಡೇ ಗಿಟಾರ್ ಹಿಡಿದು ಕ್ಯಾಥರೀನ್ ದನವ್ ಅವರಿಗೆ ಹಾಡುವ ‘ರತಿಯಾಂ ಲಾ ನುಯಿ’ (ಇರುಳನ್ನು ಹಿಡಿದಿಡು) ಗಾರ್ವಾರೆಂಟ್ಸ್ ಸ್ವರಕ್ಕೆ ಅಜ್ನಾವೂರ್ ಬರೆದದ್ದು. ‘ಶೆರ್ಶೆ ಲಿದೋಲ್’ ಚಿತ್ರಕ್ಕಾಗಿ ಸಿಲ್ವಿ ವಾರ್ತಾಂ ಹಾಡಿದ ‘ಲಾ ಪ್ಲು ಬೆಲ್ ಪುರ್ ಅಲೆ ದಾಂಸೆ’ ಕೂಡ ಇದೇ ಜೋಡಿಯದು. ಜಪಾನಿನಲ್ಲಿ ಇಂದಿಗೂ ಗುನುಗುವವರಿದ್ದಾರೆ. 2000ದಲ್ಲಿ ಲಂಡನ್ನಿನ ಶಾಫ್ಟ್ಸ್‌ಬರಿ ರಂಗಮಂದಿರಕ್ಕೆ ಚಿತ್ರಕಾರ ತುಲೂಜ್-ಲೊತ್ರೆಕ್ ಜೀವನ ಕುರಿತ ‘ಲೊತ್ರೆಕ್’ ಎಂಬ ಸಂಗೀತ ನಾಟಕ ಕಟ್ಟಿದರು. ಬಹಳ ದಿನ ನಡೆಯಲಿಲ್ಲ.

ಅಷ್ಟು ಒಡಕಲು ಧ್ವನಿಯವರು ಹಾಡುಗಾರರಾದದ್ದು ಹೇಗೆ?

ಈ ಪ್ರಶ್ನೆಯನ್ನು ಪ್ಯಾರಿಸ್‌ನ ವಿಮರ್ಶಕರು ಐವತ್ತರ ದಶಕದಲ್ಲಿಯೇ ಕೇಳಿದ್ದರು, ಇದಕ್ಕಿಂತ ಒರಟಾಗಿ. ಚಾಪ್ಲಿನ್ನರ ‘ಗೋಲ್ಡ್ ರಷ್’ ಚಿತ್ರಕ್ಕೆ ಫ್ರೆಂಚಿನಲ್ಲಿ ‘ಲಾ ರುಯೆ ವೆರ್ ಲೋರ್’ ಎಂದು ಹೆಸರು. ಅದನ್ನೇ ತಿರುಚಿ ಇವರನ್ನು ‘ಲಾಂರುಯೆ ವೆರ್ ಲೋರ್’, ಅಂದರೆ ‘ಚಿನ್ನದ ಕಡೆಗೆ ಹೊರಟ ಗೊಗ್ಗರುದನಿ’ ಎಂದು ಚುಡಾಯಿಸಿದರು. ಅಜ್ನಾವೂರ್ ತಾವೇ ಆತ್ಮಕಥೆಯಲ್ಲಿ ತಮ್ಮ ಕೊರತೆಗಳ ಪಟ್ಟಿ ಬರೆದಿದ್ದಾರೆ: ಧ್ವನಿ, ಎತ್ತರ, ಹಾವಭಾವ, ಓದಿನ ಅಭಾವ, ನೇರ ಮಾತು, ವ್ಯಕ್ತಿತ್ವದ ಅಭಾವ. ಉಳಿದದ್ದೇನು ಎಂದು ಓದುಗರಿಗೆ ಅನಿಸಬೇಕು!

ಅದನ್ನು ತಿರುಗಿಸಿದ ರಾತ್ರಿ 1960ರ ಡಿಸೆಂಬರ್ 12, ಪ್ಯಾರಿಸ್‌ನ ಅಲಾಂಬ್ರಾ ಸಭಾಂಗಣ. ತ್ರುಫೋ ಚಿತ್ರ ಬಿಡುಗಡೆಯಾಗಿ ಮೂರು ವಾರವೂ ಆಗಿರಲಿಲ್ಲ. ಮೊದಲ ಕೆಲವು ಹಾಡುಗಳಿಗೆ ಸಭೆ ಅಲುಗಾಡಲಿಲ್ಲ. ಆಮೇಲೆ ‘ಝ್ ಮ್ ವ್ವಾಯೆ ದೇಜಾ’ ಬಂತು. ಊರು ಬಿಟ್ಟು ಪ್ಯಾರಿಸ್‌ಗೆ ಬಂದು, ತನ್ನ ಹೆಸರು ದೊಡ್ಡ ಅಕ್ಷರಗಳಲ್ಲಿ ಮೆರೆಯುವುದನ್ನು ಕನಸಿನಲ್ಲೇ ಕಂಡು, ಮುದಿಯಾಗುತ್ತ ಬಂದರೂ ‘ತಪ್ಪು ನನ್ನದಲ್ಲ’ ಎಂದೇ ನಂಬಿರುವ ಸೋತ ಕಲಾವಿದನ ಹಾಡು ಅದು. ಗಾಯಕ ಇವ್ ಮೋಂತಾಂ ಅವರಿಗೆ ಕೊಡಲು ಹೋದರೆ ಅವರು ಒಲ್ಲೆ ಎಂದಿದ್ದರು. ಅಜ್ನಾವೂರ್ ಅದನ್ನು ಆಡಿದ ರೀತಿ ನೋಡಿ: ಹಾಡುತ್ತ ಹಾಡುತ್ತ ಕೋಟು ತೊಟ್ಟು, ಟೈ ಸರಿಮಾಡಿಕೊಂಡು ಸಿದ್ಧರಾಗುತ್ತಾರೆ, ಕೊನೆಗೆ ನಿಜವಾದ ಸಭೆಗೆ ಬೆನ್ನು ತಿರುಗಿಸಿ, ವೇದಿಕೆಯ ಹಿಂಬದಿಯಲ್ಲಿ ಇಲ್ಲದ ಇನ್ನೊಂದು ಸಭೆಗೆ ಎದುರಾಗಿ ನಿಲ್ಲುತ್ತಾರೆ. ದೀಪಗಳು ಅತ್ತ ಕಡೆಯಿಂದ ಪ್ರೇಕ್ಷಕರ ಕಣ್ಣಿಗೆ ಹೊಡೆಯುತ್ತವೆ. ಪರದೆಯ ಹಿಂದಿನಿಂದ ನೋಡುತ್ತಿರುವಂತೆ. ಹಾಡು ಮುಗಿದಾಗ ಸದ್ದಿಲ್ಲ. ಮುಗಿಯಿತು ನಮ್ಮ ಕಥೆ ಎಂದುಕೊಂಡು ಒಳಗೆ ಹೋದವರು ವಂದಿಸಲು ಮರಳಿ ಬಂದರೆ ಸಭಾಂಗಣ ಎದ್ದು ನಿಂತಿತ್ತು.

ಧ್ವನಿಯೇನೂ ಆ ರಾತ್ರಿ ಸರಿಹೋಗಲಿಲ್ಲ. ಅದು ಹಾಗೇ ಇತ್ತು. ಆದರೆ ಸೋತವನ ಹಾಡನ್ನು ನಯವಾದ ಕಂಠದಲ್ಲಿ ಯಾರು ನಂಬುತ್ತಾರೆ?

ತ್ರುಫೋ ಚಿತ್ರ ಬಿಟ್ಟರೆ ಇನ್ನೇನು ನೋಡಬಹುದು?

ಅರವತ್ತಕ್ಕೂ ಹೆಚ್ಚು ಚಿತ್ರಗಳಿವೆ. ಎಲ್ಲವನ್ನೂ ನೋಡಬೇಕಾಗಿಲ್ಲ, ಕೆಲವನ್ನು ನೋಡದಿದ್ದರೇ ಒಳ್ಳೆಯದು. ನಾನು ಶಿಫಾರಸು ಮಾಡುವುದು ನಾಲ್ಕು.

ಆಂದ್ರೆ ಕಯಾತ್ ಅವರ ‘ಲ್ ಪಾಸಾಜ್ ದ್ಯು ರಾಂ’ 1960ರಲ್ಲಿ ವೆನಿಸ್‌ನಲ್ಲಿ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಚಿನ್ನದ ಸಿಂಹ ಗೆದ್ದಿತು. ಯುದ್ಧ ಕೈದಿಯಾಗಿ ಜರ್ಮನಿಯ ಹಳ್ಳಿ ಸೇರಿದ ಪ್ಯಾರಿಸ್‌ನ ಮಿಠಾಯಿ ತಯಾರಕ ರೊಜೆ ಇವರು. ಶತ್ರುವಿನ ಮನೆಯಲ್ಲಿ ಸಿಕ್ಕ ನೆಮ್ಮದಿ ತನ್ನ ಮನೆಯಲ್ಲಿ ಸಿಗಲಿಲ್ಲವಲ್ಲ ಎಂಬ ಮುಜುಗರ ಅವನದು.

‘ಅಂ ತಾಕ್ಸಿ ಪುರ್ ತೊಬ್ರೂಕ್’ (1961) ಜನಪ್ರಿಯ ಚಿತ್ರ, ಫ್ರಾನ್ಸಿನಲ್ಲಿ ಸುಮಾರು ಐವತ್ತು ಲಕ್ಷ ಟಿಕೆಟ್ ಮಾರಾಟವಾಯಿತು. ಲಿಬಿಯಾದ ಮರುಭೂಮಿಯಲ್ಲಿ ದಾರಿ ತಪ್ಪಿದ ನಾಲ್ವರು ಫ್ರೆಂಚ್ ಸೈನಿಕರು, ಕೈಸೆರೆ ಸಿಕ್ಕ ಒಬ್ಬ ಜರ್ಮನ್ ಅಧಿಕಾರಿ, ಒಂದು ವಾಹನ. ಲಿನೋ ವೆಂಟುರಾ, ಹಾರ್ಡಿ ಕ್ರ್ಯೂಗರ್ ಜೊತೆ ಅಜ್ನಾವೂರ್ ಯಹೂದಿ ವೈದ್ಯನಾಗಿದ್ದಾರೆ. ಮಿಶೆಲ್ ಒದಿಯಾರ್ ಅವರ ಸಂಭಾಷಣೆಗಾಗಿಯೇ ನೋಡುವವರಿದ್ದಾರೆ. ಸಂಗೀತ ಗಾರ್ವಾರೆಂಟ್ಸ್.

ಫೋಲ್ಕರ್ ಶ್ಲೋಂಡೋರ್ಫ್ ಅವರ ‘ಟಿನ್ ಡ್ರಮ್’ (1979) ಕಾನ್‌ನಲ್ಲಿ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಚಿನ್ನದ ಗರಿಯನ್ನು ಇನ್ನೊಂದು ಚಿತ್ರದ ಜೊತೆ ಹಂಚಿಕೊಂಡಿತು, ಆಮೇಲೆ ವಿದೇಶಿ ಭಾಷೆಯ ಆಸ್ಕರ್ ಪಡೆಯಿತು. ಬೆಳೆಯಲು ಒಪ್ಪದ ಬಾಲಕನಿಗೆ ಕೆಂಪು-ಬಿಳಿ ತಗಡಿನ ತಮಟೆ ಒದಗಿಸುವ ಆಟಿಕೆ ವ್ಯಾಪಾರಿ ಮಾರ್ಕುಸ್ ಇವರು. ತೆರೆಯ ಮೇಲೆ ಇರುವುದು ಸ್ವಲ್ಪ ಹೊತ್ತು. ನಾಜಿ ಪುಂಡರು ಅಂಗಡಿ ಪುಡಿಗಟ್ಟಿದ ರಾತ್ರಿ ಒಡೆದ ಆಟಿಕೆಗಳ ಆಚೆ ಕೂತಲ್ಲೇ ಸತ್ತಿರುವ ಅವರನ್ನು ನೋಡಿದ ಮೇಲೆ ಉಳಿದ ಚಿತ್ರದ ಬಣ್ಣವೇ ಬದಲಾಗುತ್ತದೆ. ನರಮೇಧದಿಂದ ತಪ್ಪಿಸಿಕೊಂಡವರ ಮಗನಿಗೆ ಈ ಪಾತ್ರ ಏನಾಗಿದ್ದಿರಬಹುದು ಎಂದು ನಾನು ಯೋಚಿಸಿದ್ದೇನೆ.

ನಾಲ್ಕನೆಯದು ಕ್ಲೋದ್ ಶಾಬ್ರೋಲ್ ಅವರ ‘ಲೆ ಫಾಂತೋಮ್ ದ್ಯು ಶಾಪೆಲಿಯೆ’ (1982), ಸಿಮೆನೋನ್ ಕಥೆ. ಊರಿನಲ್ಲಿ ವಯಸ್ಸಾದ ಹೆಂಗಸರ ಕೊಲೆಗಳಾಗುತ್ತಿವೆ. ಕೊಲೆಗಾರ ಟೋಪಿ ವ್ಯಾಪಾರಿ ಎಂದು ಎದುರು ಮನೆಯ ಬಡ ಅರ್ಮೇನಿಯನ್ ದರ್ಜಿ ಕಾಶೂದಾಸ್‌ಗೆ ಗೊತ್ತು. ಆದರೆ ವಲಸೆ ಬಂದವನ ಮಾತನ್ನು ಯಾರು ನಂಬುತ್ತಾರೆ? ಮಳೆ ಬೀಳುವ ಬೀದಿಗಳಲ್ಲಿ ದೊಡ್ಡ ಮೈಯ ಮಿಶೆಲ್ ಸೆರೋ ಮುಂದೆ, ಕುಗ್ಗಿದ ಅಜ್ನಾವೂರ್ ಕೆಲವು ಹೆಜ್ಜೆ ಹಿಂದೆ. ಮಾತು ಬಹಳ ಕಡಿಮೆ. ನನ್ನ ಮಟ್ಟಿಗೆ ಅವರ ಅತ್ಯುತ್ತಮ ಅಭಿನಯ ಇದೇ. ಪಿಯಾನೋ ಚಿತ್ರದವರು ಜಗಳಕ್ಕೆ ಬರಬಹುದು.

ಇಂಗ್ಲಿಷ್ ಚಿತ್ರಗಳು?

ಇವೆ. ಹೆಚ್ಚಿನವು ಮರೆಯಬಹುದಾದವು. 1974ರಲ್ಲಿ ಇರಾನಿನ ಇಸ್ಫಹಾನ್‌ನ ಶಾ ಅಬ್ಬಾಸ್ ಹೋಟೆಲಿನಲ್ಲಿ ಚಿತ್ರೀಕರಿಸಿದ ಅಗಾಥಾ ಕ್ರಿಸ್ಟಿ ಕಥೆಯಲ್ಲಿ ಇವರು ಪಿಯಾನೋ ಮುಂದೆ ಕೂತು ತಮ್ಮದೇ ಒಂದು ಹಾಡು ಹಾಡುತ್ತಾರೆ, ವಿಷ ಕುಡಿದು ಮೊದಲಿಗರಾಗಿ ಸಾಯುತ್ತಾರೆ.

‘ಶೀ’ ಹಾಡು ಇವರದೇ? ಅದು ಎಲ್ವಿಸ್ ಕಾಸ್ಟೆಲೊ ಅವರದಲ್ಲವೇ?

1999ರ ‘ನಾಟಿಂಗ್ ಹಿಲ್’ ಚಿತ್ರದಿಂದ ಈ ತಲೆಮಾರಿಗೆ ಗೊತ್ತಾಗಿರುವುದು ಕಾಸ್ಟೆಲೊ ಅವರ ಗಾಯನ. ಹಾಡು 1974ರದು, ಸ್ವರ ಅಜ್ನಾವೂರ್, ಇಂಗ್ಲಿಷ್ ಮಾತು ಹರ್ಬರ್ಟ್ ಕ್ರೆಟ್ಜ್‌ಮರ್. ಬ್ರಿಟಿಷ್ ಟೆಲಿವಿಷನ್ ಸರಣಿಯೊಂದರ ಶೀರ್ಷಿಕೆಗಾಗಿ ಮಾಡಿದ್ದು. ಬ್ರಿಟನ್ನಿನ ಜನಪ್ರಿಯತೆಯ ಪಟ್ಟಿಯಲ್ಲಿ ನಾಲ್ಕು ವಾರ ಮೊದಲ ಸ್ಥಾನದಲ್ಲಿತ್ತು. ಫ್ರಾನ್ಸಿನಲ್ಲಿ ಆ ಮಟ್ಟಿನ ಅಲೆ ಏಳಲಿಲ್ಲ ಎನ್ನುವುದು ತಮಾಷೆ.

‘ಕೊಮ್ ಇಲ್ ದಿಝ್’ ಯಾಕೆ ಅಷ್ಟು ಮುಖ್ಯ?

1972ರಲ್ಲಿ, ಹೆಣ್ಣುವೇಷ ಕಟ್ಟಿ ರಾತ್ರಿ ಕ್ಲಬ್ಬುಗಳಲ್ಲಿ ಕುಣಿಯುವ, ತಾಯಿಯ ಜೊತೆ ಬದುಕುವ ಸಲಿಂಗಿ ಗಂಡಸಿನ ಹಾಡನ್ನು ‘ನಾನು’ ಎಂದು ಹಾಡಲು ಯಾವ ಜನಪ್ರಿಯ ತಾರೆಯೂ ಮುಂದೆ ಬರುತ್ತಿರಲಿಲ್ಲ. ಅಲ್ಲಿಯವರೆಗೆ ವೇದಿಕೆಯ ಮೇಲೆ ಅಂಥವನು ಬಂದರೆ ಅದು ನಗೆಪಾಟಲಿಗೆ. ಅಜ್ನಾವೂರ್ ಅವನನ್ನು ಅಣಕಿಸಲಿಲ್ಲ. ಅವನ ಬೆಳಗಿನಿಂದ ರಾತ್ರಿಯ ದಿನಚರಿಯನ್ನು ಒಂದೊಂದೇ ವಿವರವಾಗಿ ಇಟ್ಟರು. ಬೇರೆಯವರಿಗೆ ಹಾಡಲು ಕೊಡು ಎಂದು ಹತ್ತಿರದವರು ಹೇಳಿದರೂ ಕೇಳದೆ ತಾವೇ ಹಾಡಿದರು. ವಿವಾಹಿತ, ಮಕ್ಕಳೊಂದಿಗ, ಆ ಪಾತ್ರ ತಮ್ಮ ಬದುಕಲ್ಲ ಎಂಬುದು ಎಲ್ಲರಿಗೂ ಗೊತ್ತಿತ್ತು. ನಟನಿಗೆ ಅದು ಅಡ್ಡಿಯಲ್ಲವಲ್ಲ.

ಸರೋಯಾನ್ ಎಂಬ ಹೆಸರು ಎರಡು ಚಿತ್ರಗಳಲ್ಲಿ ಬರುತ್ತದೆ. ಕಾಕತಾಳೀಯವೇ?

ಅಲ್ಲ. ತ್ರುಫೋ 1960ರಲ್ಲಿ ತಮ್ಮ ವಾದಕನಿಗೆ ಎದ್ವಾರ್ ಸರೋಯಾನ್ ಎಂಬ ಅರ್ಮೇನಿಯನ್ ಹೆಸರಿಟ್ಟರು. 2002ರಲ್ಲಿ ಕೆನಡಾದ ಆಟಂ ಎಗೋಯಾನ್, ಅವರೂ ಅರ್ಮೇನಿಯನ್ ಮೂಲದವರೇ, ನರಮೇಧ ಕುರಿತು ‘ಅರಾರತ್’ ಮಾಡಿದಾಗ ಅಜ್ನಾವೂರ್ ಅವರಿಗೆ ವೃದ್ಧ ಚಿತ್ರ ನಿರ್ದೇಶಕನ ಪಾತ್ರ ಕೊಟ್ಟರು. ಹೆಸರು ಎಡ್ವರ್ಡ್ ಸರೋಯಾನ್. ನಲವತ್ತೆರಡು ವರ್ಷದ ಹಿಂದೆ ತನ್ನ ಹೆಸರನ್ನೇ ಮುಚ್ಚಿಟ್ಟು ಬಾರಿನಲ್ಲಿ ಅಡಗಿದ್ದವನು ಈಗ ಅದೇ ಹೆಸರಿನಲ್ಲಿ ತನ್ನ ಜನರ ಕಥೆಯನ್ನು ಸಿನಿಮಾ ಮಾಡುತ್ತಿದ್ದಾನೆ. ಎರಡೂ ಚಿತ್ರಗಳನ್ನು ಒಂದರ ಹಿಂದೆ ಒಂದು ನೋಡಿದರೆ ಮೈ ಜುಮ್ಮೆನ್ನುತ್ತದೆ.

ಅರ್ಮೇನಿಯಾಕ್ಕೆ ಏನು ಮಾಡಿದರು?

1988ರ ಡಿಸೆಂಬರ್ 7ರ ಭೂಕಂಪದ ನಂತರ ಸುಮಾರು ತೊಂಬತ್ತು ಕಲಾವಿದರನ್ನು ಸೇರಿಸಿ ‘ಪುರ್ ತ್ವಾ ಅರ್ಮೆನಿ’ ಹಾಡು ಹೊರತಂದು ಹಣ ಸಂಗ್ರಹಿಸಿದರು. 2009ರಿಂದ ಸ್ವಿಟ್ಜರ್‌ಲ್ಯಾಂಡಿಗೆ ಅರ್ಮೇನಿಯಾದ ರಾಯಭಾರಿಯಾಗಿದ್ದರು. ಯೆರೆವಾನ್‌ನಲ್ಲಿ ಅವರ ಹೆಸರಿನ ಚೌಕವಿದೆ.

ಪ್ರಶಸ್ತಿಗಳು?

ನಟನೆಗೂ ಸೇರಿಸಿ 1997ರಲ್ಲಿ ಫ್ರೆಂಚ್ ಚಿತ್ರರಂಗದ ಗೌರವ ಸೆಝಾರ್ ಪ್ರಶಸ್ತಿ. 2017ರಲ್ಲಿ ಹಾಲಿವುಡ್ ಪಾದಚಾರಿ ಹಾದಿಯಲ್ಲಿ ನಕ್ಷತ್ರ. ಉಳಿದ ಪಟ್ಟಿ ಉದ್ದವಿದೆ, ಬಿಡಿ.

ಅವರ ಬದುಕಿನ ಮೇಲೆ ಸಿನಿಮಾ ಬಂದಿದೆಯೇ?

ಎರಡು. 2024ರ ‘ಮೊಸಿಯ್ಯೋ ಅಜ್ನಾವೂರ್’ನಲ್ಲಿ ತಾಹರ್ ರಹೀಮ್ ಅವರಾಗಿ ನಟಿಸಿದ್ದಾರೆ, ಮೆಹದಿ ಇದಿರ್ ಮತ್ತು ಗ್ರಾಂ ಕೋರ್ ಮಲಾದ್ ನಿರ್ದೇಶನ. ಒಳ್ಳೆಯದೇ. ಆದರೆ ನನಗೆ ಹೆಚ್ಚು ಹಿಡಿಸಿದ್ದು 2019ರ ಸಾಕ್ಷ್ಯಚಿತ್ರ ‘ಲ್ ರಗಾರ್ ದ ಶಾರ್ಲ್’ (ಶಾರ್ಲ್ ನೋಟ). 1948ರಲ್ಲಿ ಪಿಯಾಫ್ ಇವರಿಗೆ ಒಂದು ಪುಟ್ಟ ಚಲನಚಿತ್ರ ಕ್ಯಾಮೆರಾ ಕೊಟ್ಟಿದ್ದರು. ಹೋದಲ್ಲೆಲ್ಲ ಅದನ್ನು ಹೊತ್ತೊಯ್ದು ದಶಕಗಳ ಕಾಲ ರೀಲು ತುಂಬಿಸಿದರು. ಮಾರ್ಕ್ ದಿ ದೊಮೆನಿಕೊ ಆ ರೀಲುಗಳನ್ನೇ ಪೋಣಿಸಿದ್ದಾರೆ. ಅದರಲ್ಲಿ ಹೆಚ್ಚಾಗಿ ಕಾಣುವುದು ಅವರಲ್ಲ. ಬಂದರಿನ ಕೂಲಿಗಳು, ಬೀದಿ ಮಕ್ಕಳು, ಪ್ರೀತಿಸಿದ ಹೆಂಗಸರು, ದೂರದ ಊರುಗಳ ಗುರುತಿಲ್ಲದ ಮುಖಗಳು. ಹಾಡುಗಳಲ್ಲಿ ಬರುವ ಪಾತ್ರಗಳನ್ನು ಎಲ್ಲಿಂದ ತಂದರು ಎಂದು ಕೇಳುವವರು ಇದನ್ನು ನೋಡಬೇಕು.

ಕೊನೆಯ ಕಚೇರಿ ಯಾವುದು?

ಜಪಾನಿನ ಒಸಾಕಾ, 2018ರ ಸೆಪ್ಟೆಂಬರ್ 19. ವಯಸ್ಸು ತೊಂಬತ್ತನಾಲ್ಕು. ಮುಂದಿನ ಕಚೇರಿಗಳ ದಿನಾಂಕಗಳೂ ಗೊತ್ತಾಗಿದ್ದವು. ಅಕ್ಟೋಬರ್ 1ರಂದು ದಕ್ಷಿಣ ಫ್ರಾನ್ಸಿನ ಮೂರಿಯೆಸ್‌ನ ಮನೆಯಲ್ಲಿ ತೀರಿಕೊಂಡರು. ನಾಲ್ಕು ದಿನದ ನಂತರ ಪ್ಯಾರಿಸ್‌ನ ಆಂವಲೀದ್ ಸೈನಿಕ ಸ್ಮಾರಕದ ಅಂಗಳದಲ್ಲಿ ಸರ್ಕಾರಿ ಗೌರವ ನಡೆಯಿತು. ಅರ್ಮೇನಿಯಾದ ದುದುಕ್ ಎಂಬ ಊದುವಾದ್ಯ ನುಡಿಯಿತು, ಶವಪೆಟ್ಟಿಗೆ ಹೊರಡುವಾಗ ಸೈನ್ಯದ ವೃಂದ ‘ಎಮ್ಮೆನೆ ಮ್ವಾ’ ಹಾಡಿತು. ಮಾತು, ಸ್ವರ ಎರಡೂ ಅವರದೇ ಆದ ಹಾಡು.